ಕೊರಳು ಬಿಟ್ಟುಕೊಟ್ಟ ಮಧ್ಯಾಹ್ನ

ಬನಹಟ್ಟಿಯ ಮಗ್ಗದ ಕಾರ್ಖಾನೆಯೊಂದರಲ್ಲಿ ಜಕಾರ್ಡು ಕಟ್ಟುವುದು, ಕೆಟ್ಟರೆ ರಿಪೇರಿ ಮಾಡುವುದು ನನ್ನ ಕೆಲಸ. ಸೀರೆಯ ಸೆರಗಿನಲ್ಲಿ ಹೂವು, ನವಿಲು, ಕಳಸ ಮೂಡಿಸುವ ಯಂತ್ರ ಅದು. ಮಗ್ಗದ ನೆತ್ತಿಯ ಮೇಲೆ ಕೂತಿರುತ್ತದೆ. ಅಲ್ಲಿಂದ ನೂರಾರು ದಾರಗಳು ಕೆಳಗಿನ ಹಾಸಿನ ಎಳೆಗಳವರೆಗೆ ಇಳಿಬಿದ್ದಿರುತ್ತವೆ. ಒಂದು ದಾರ ಹರಿದರೆ ನವಿಲಿಗೆ ಕಣ್ಣಿರುವುದಿಲ್ಲ. ಏಣಿ ಹತ್ತಿ, ತಲೆಯನ್ನು ಹಿಂದಕ್ಕೆ ಚೆಲ್ಲಿ, ದಾರದ ತುದಿಯನ್ನು ಹಲ್ಲಲ್ಲಿ ಕಚ್ಚಿಕೊಂಡು ಹರಿದದ್ದನ್ನು ಹುಡುಕಿ ಗಂಟು ಹಾಕಬೇಕು. ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟವನು ನಾನು. ನಾಚಿಕೆಯಿಂದ ಹೇಳುತ್ತಿಲ್ಲ. ನನ್ನ ಅಕ್ಷರವೆಲ್ಲ ಮೇಲೆ, ಆ ದಾರಗಳಲ್ಲಿ ಇದೆ.

ನಮ್ಮ ಮನೆಯಲ್ಲಿ ಬಲಮಗ್ಗುಲಿಗೆ ಹೊರಳಿ ಏಳುವುದು ಪದ್ಧತಿ. ಎಡಮಗ್ಗುಲಿಗೆ ಎದ್ದರೆ ಆ ದಿನವೇ ಕೆಟ್ಟಿತು ಎಂದು ಅವ್ವ ಹೇಳುತ್ತಿದ್ದಳು. ಒಂದು ಮುಂಜಾನೆ ಹಾಗೆಯೇ ಬಲಕ್ಕೆ ಹೊರಳಿದೆ. ಮನೆಯ ತಗಡಿನ ಮಾಡು ಗರಗರನೆ ತಿರುಗತೊಡಗಿತು. ಹಾಸಿಗೆ ನನ್ನನ್ನು ಎತ್ತಿ ಒಗೆಯುತ್ತಿದೆ ಅನ್ನಿಸಿತು. ಎರಡೂ ಕೈಯಿಂದ ಚಾಪೆಯನ್ನು ಗಟ್ಟಿಯಾಗಿ ಹಿಡಿದುಕೊಂಡೆ. ಸ್ವಲ್ಪ ಹೊತ್ತಿಗೆ ತಾನೇ ನಿಂತಿತು. ಎದ್ದು ಬಚ್ಚಲಿಗೆ ಹೋಗಿ ವಾಂತಿ ಮಾಡಿಕೊಂಡೆ.

"ಪಿತ್ತ ಆಗೇತ್ರಿ. ಚಾ ಕುಡದು ಕುಡದು," ಅಂದಳು ಹೆಂಡತಿ. ಲಿಂಬೆಹಣ್ಣಿನ ರಸ ಕೊಟ್ಟಳು. ಚಹಾ ಬಿಡಿಸಿದಳು. ಚಹಾ ಹೋಯಿತು, ತಿರುಗುವುದು ಹೋಗಲಿಲ್ಲ. ದಿನಾ ಮುಂಜಾನೆ ಬಲಕ್ಕೆ ಹೊರಳಿದೊಡನೆ ಮಾಡು ತಿರುಗುತ್ತಿತ್ತು.

ಅಷ್ಟೇ ಆಗಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಆದರೆ ಒಂದು ದಿನ ಕಾರ್ಖಾನೆಯಲ್ಲಿ ಏಣಿ ಹತ್ತಿ, ತಲೆ ಮೇಲಕ್ಕೆತ್ತಿ ಬಲಗಡೆಯ ದಾರ ನೋಡಿದೆ. ಜಕಾರ್ಡು, ಗೋಡೆ, ಟ್ಯೂಬ್‌ಲೈಟು ಎಲ್ಲ ಒಂದರ ಹಿಂದೆ ಒಂದು ಓಡಿದವು. ಚೌಕಟ್ಟನ್ನು ತಬ್ಬಿಕೊಂಡು ನಿಂತೆ. ಹೇಗೋ ಇಳಿದು, ಕಾಲು ಅಗಲಿಸಿಕೊಂಡು ನಡೆದು ಹೋಗಿ ನೀರಿನ ಕೊಡದ ಹತ್ತಿರ ಕೂತೆ.

ನನ್ನ ಹೆಂಡತಿಯ ತಮ್ಮ ಅಲ್ಲಿಯೇ ನೇಯುತ್ತಾನೆ. ಚೇಷ್ಟೆಯ ಮನುಷ್ಯ. ಮಗ್ಗಗಳ ಸಪ್ಪಳದ ಮೇಲೆಯೂ ಕೇಳಿಸುವಂತೆ ಕೂಗಿದ: "ಏನ್ ಮಾಮಾ, ಮುಂಜಾನೆದ್ದು ತೀರ್ಥ ತಗೊಂಡ್ರೇನು?"

ಎಲ್ಲರೂ ನಕ್ಕರು. ನಾನೂ ನಕ್ಕೆ. ಸಂಜೆಯೊಳಗೆ ಅದು ನಗೆಮಾತಾಗಿ ಉಳಿಯಲಿಲ್ಲ. ಕೊರಳಲ್ಲಿ ತುಳಸಿಮಾಲೆ ಹಾಕಿಕೊಂಡು ಪ್ರತಿ ವರ್ಷ ಪಂಢರಪುರಕ್ಕೆ ನಡೆದು ಹೋಗುವವನು ಮುಂಜಾನೆಯೇ ಕುಡಿಯುತ್ತಾನಂತೆ ಎಂಬ ಸುದ್ದಿ ಓಣಿಯ ತುಂಬ ಹರಡಿತ್ತು. ನಮ್ಮಲ್ಲಿ ಮಾಲೆ ಹಾಕಿದವನು ಹೆಂಡ ಮುಟ್ಟಿದರೆ ದೇವರಿಗೆ ಕೊಟ್ಟ ಮಾತು ಮುರಿದಂತೆ; ಅದು ಗೊತ್ತಿದ್ದವರಿಗೆ ನನ್ನ ಸಿಟ್ಟೂ ಗೊತ್ತಾಗುತ್ತದೆ.

ಮರುದಿನ ಕಾರ್ಖಾನೆಯ ಮಾಲೀಕರಾದ ಸಾವುಕಾರರು ಕರೆದರು.

"ಇನ್ನ ಏಣಿ ಮುಟ್ಟಬ್ಯಾಡ ನೀ. ಕಂಡಿಕಿ ಸುತ್ತಕೋತ ಕೂಡು."

"ನಾ ಕುಡದಿಲ್ರಿ ಸಾವ್ಕಾರ್ರ."

"ಕುಡದಿ ಅಂತ ನಾ ಅಂದ್ನೇನು? ಮಂದಿ ಅಂತಾರ."

"ಮಂದಿ ಅಂದ್ರ ಯಾರ್ರಿ?"

ಅವರು ಫ್ಯಾನಿನ ಕಡೆ ನೋಡಿದರು. "ನಡಿಯೋ ಮಗ್ಗದ ಮ್ಯಾಲ ಬಿದ್ರ ನಿನ್ನ ಹೆಂಡ್ತಿಗಿ ನಾ ಏನ್ ಹೇಳ್ಲಿ? ಏನಾಗೇತಿ ಅನ್ನೂದು ಗೊತ್ತಾಗ್ಲಿ. ಆಮ್ಯಾಲ ನೋಡೂಣು."

ಕಂಡಿಕೆ ಎಂದರೆ ಮಗ್ಗದಲ್ಲಿ ಅತ್ತಿಂದಿತ್ತ ಓಡುವ ಲಾಳಿಯೊಳಗೆ ಇಡುವ ನೂಲಿನ ಸಣ್ಣ ಸುರುಳಿ. ನನ್ನ ಅವ್ವ ಕಂಡಿಕೆ ಸುತ್ತಿಯೇ ನಮ್ಮನ್ನು ಸಾಕಿದಳು. ಆ ಕೆಲಸವನ್ನು ನಾನು ಹೀಗಳೆಯುವುದಿಲ್ಲ. ಆದರೆ ಅದು ನನ್ನ ಕೆಲಸವಲ್ಲ. ಕಣ್ಣು ಮಂಜಾದ ಮುದುಕಿಯರ ಸಾಲಿನಲ್ಲಿ ಕೂತು, ನಾನು ಕಟ್ಟಿದ ಜಕಾರ್ಡನ್ನು ಇನ್ನೊಬ್ಬ ಏಣಿ ಹತ್ತಿ ಕೆಡಿಸುವುದನ್ನು ನೋಡಬೇಕೇ? ಕೂರುವುದಿಲ್ಲ ಎಂದು ಹೇಳಿ ಮನೆಗೆ ಬಂದೆ.

ಊರಿನ ಡಾಕ್ಟರು ಬಿ.ಪಿ. ನೋಡಿ, ಸರಿಯಿದೆ ಅಂದರು. ತಲೆಸುತ್ತಿಗೆ ಗುಳಿಗೆ ಕೊಟ್ಟರು. ಗುಳಿಗೆ ತಿಂದು ದಿನವಿಡೀ ತೂಕಡಿಸಿದೆ. ಊರಬಾಗಿಲ ಅಗಸಿಯ ಕಟ್ಟೆಯ ಮೇಲೆ ಕೂತವರಿಗೆ ಅದೂ ಕುಡಿದದ್ದರ ಸಾಕ್ಷಿಯೇ ಆಯಿತು. ಗುಳಿಗೆ ಒಗೆದೆ. ಎಡಮಗ್ಗುಲಿಗೇ ಮಲಗಿದೆ, ಎಡಮಗ್ಗುಲಿಗೇ ಎದ್ದೆ. ಯಾರಾದರೂ ಕರೆದರೆ ಕೊರಳು ತಿರುಗಿಸದೆ ನೊಗ ಹೊತ್ತ ಎತ್ತಿನಂತೆ ಇಡೀ ಮೈ ತಿರುಗಿಸಿ ನೋಡಿದೆ. ಹಾಗೆ ಬಚಾವಾಗುವುದನ್ನು ಚೆನ್ನಾಗಿ ಕಲಿತುಬಿಟ್ಟೆ.

ಹೆಂಡತಿ ಎಲ್ಲಿಂದಲೋ ಕೇಳಿಕೊಂಡು ಬಂದಳು. "ಜಮಖಂಡ್ಯಾಗ ಕಿವಿ ಡಾಕ್ಟರ್ ಬಾಯಾರು ಅದಾರಂತ್ರಿ. ತಲಿ ತಿರಗೂದಕ್ಕೂ ನೋಡ್ತಾರಂತ."

"ಕಿವಿಗೇನಾಗೇತಿ ನನಗ? ಮಗ್ಗದ ಸಪ್ಪಳದಾಗೂ ನೀ ಬಯ್ಯೂದು ಕೇಳತೈತಿ."

"ಕೇಳತಿದ್ರ ಎದ್ದು ಹೋಗ್ರಿ ಹಂಗಾರ," ಅಂದಳು. ಹೊಸ್ತಿಲಲ್ಲಿ ಕೂತಿದ್ದ ತಮ್ಮನ ಕಡೆ ತಿರುಗಿದಳು: "ಮಾತು ಹುಟ್ಟಿಸಿದಾವ ನೀನ. ನೀನ ಕರ್ಕೊಂಡು ಹೋಗು."

ಅವನ ಮೋಟರ್‌ಸೈಕಲ್ಲಿನ ಹಿಂದೆ ಕೂತು ಹೋದೆ. ಜಮಖಂಡಿ ಮುಟ್ಟುವಾಗ ಮಧ್ಯಾಹ್ನವಾಗಿತ್ತು.

ಡಾಕ್ಟರ್ ಬಾಯಿಯವರು, ಅಂದರೆ ಡಾಕ್ಟರಮ್ಮ, ನನ್ನ ಮಗಳ ವಯಸ್ಸಿನವರು. ಯಾವಾಗ ತಿರುಗುತ್ತದೆ, ಎಷ್ಟು ಹೊತ್ತು, ಯಾವ ಮಗ್ಗುಲಿಗೆ ಎಂದೆಲ್ಲ ಕೇಳಿದರು. ನಡುವೆ, "ಕುಡೀತೀರೇನ್ರಿ ಕಾಕಾ?" ಅಂದರು.

ನಾನು ಕುರ್ಚಿಯಿಂದ ಎದ್ದೇಬಿಟ್ಟೆ. "ಇದು ಕಾಣಸ್ತೈತೇನ್ರಿ?" ಎಂದು ಮಾಲೆ ಎತ್ತಿ ತೋರಿಸಿದೆ.

"ಕೂಡ್ರಿ, ಕೂಡ್ರಿ. ಎಲ್ಲಾರಿಗೂ ಕೇಳತೇನ್ರಿ. ಮೊನ್ನೆ ಒಬ್ಬರು ಸ್ವಾಮಿಗೋಳು ಬಂದಿದ್ರು, ಅವರಿಗೂ ಕೇಳೇನಿ."

ಗೆರೆಯ ಮೇಲೆ ನಡೆಯಲು ಹೇಳಿದರು. ನಡೆದೆ. ಕಣ್ಣು ಮುಚ್ಚಿ ನಿಲ್ಲಲು ಹೇಳಿದರು. ಕಂಬದಂತೆ ನಿಂತೆ. ಆಮೇಲೆ ಮಂಚದ ಮೇಲೆ ಕಾಲು ಚಾಚಿ ಕೂರಿಸಿ ನನ್ನ ಮುಖವನ್ನು ಬಲಗಡೆ ಅರ್ಧ ತಿರುಗಿಸಿದರು. "ಜಲ್ದಿ ಹಿಂದಕ್ಕ ಮಲಗಸ್ತೇನಿ. ತಲಿ ಮಂಚದ ಅಂಚಿನಾಚಿ ಜೋತು ಬೀಳತೈತಿ, ನಾ ಹಿಡದಿರ್ತೀನಿ. ತಲಿ ತಿರಗಿದ್ರೂ ಕಣ್ಣು ಮುಚ್ಚಬ್ಯಾಡ್ರಿ. ನಾ ನೋಡೂದು ಕಣ್ಣು."

ಅವರು ಮಲಗಿಸಿದರು. ಆದರೆ ನಾನು ಮೊಳಕೈ ಊರಿ, ಕೊರಳು ಬಿಗಿಹಿಡಿದು, ಏಣಿ ಇಳಿಯುವವನಂತೆ ಬೆನ್ನಿನ ಒಂದೊಂದೇ ಎಲುಬು ಇಳಿಸುತ್ತ ಹೋದೆ. ಕಣ್ಣನ್ನೂ ಬಿಗಿಯಾಗಿ ಮುಚ್ಚಿಕೊಂಡೆ. ತಲೆ ಜೋತು ಬೀಳಲೇ ಇಲ್ಲ. ಏನೂ ತಿರುಗಲಿಲ್ಲ.

"ಏನೂ ಕಾಣಲಿಲ್ಲಲ್ರೀ," ಅಂದರು ಅವರು.

ಎದ್ದು ಕೂತು ಮೀಸೆ ತಿರುವಿದೆ. "ಏನರ ಇದ್ರ ಕಾಣಬೇಕಲ್ರಿ!"

ಆಗ ಮೂಲೆಯಲ್ಲಿ ನಿಂತಿದ್ದ ಭಾವಮೈದುನನ ಮುಖ ನೋಡಿದೆ. ಅವನು ತಲೆ ತಗ್ಗಿಸಿಬಿಟ್ಟ. ನನಗೆ ತಟ್ಟನೆ ಹೊಳೆಯಿತು. ಡಾಕ್ಟರಿಗೂ ಏನೂ ಸಿಗಲಿಲ್ಲ ಎಂದು ಊರಿಗೆ ಹೋಗಿ ಹೇಳಿದರೆ ಆಯಿತು; ರೋಗವಿಲ್ಲದವನು ಏಣಿಯ ಮೇಲೆ ಓಲಾಡಿದ್ದು ಯಾಕೆ? ಉತ್ತರ ಬಾಟಲಿಯೇ. ನಾನು ಗೆದ್ದೆ ಅಂದುಕೊಂಡದ್ದು ನನ್ನನ್ನು ಜೀವನಪೂರ್ತಿ ಕಂಡಿಕೆಯ ಮುಂದೆ ಕೂರಿಸುತ್ತಿತ್ತು.

"ಹೊಳ್ಳಿ ಮಲಗಸ್ರಿ ಬಾಯಾರ," ಅಂದೆ.

ಅವರು ನಕ್ಕರು. "ನೀವಾಗೇ ಮಲಗಿದ್ರಿ ಕಾಕಾ, ನಾ ಎಲ್ಲಿ ಮಲಗಿಸ್ದೆ? ಕುತಗಿ ಕಟಗಿ ಮಾಡ್ಕೊಂಡೀರಿ. ಕಟಿಂಗ್ ಅಂಗಡ್ಯಾಗ ಕುತಗಿ ಲಟಕ್ ಅನಿಸ್ಕೋತೀರಿಲ್ಲೊ? ಅಂವಗ ಹೆಂಗ ಕೊಡ್ತೀರಿ?"

"ಅಂವ ನನ್ನ ಜೀವದ ಗೆಳೆಯಾರಿ."

"ನನ್ನೂ ಒಂದೀಟು ಹೊತ್ತು ಗೆಳತಿ ಅಂತ ತಿಳೀರಿ. ಮತ್ತ ಇನ್ನಮ್ಯಾಲೆ ಅಂವಗ ಕುತಗಿ ಕೊಡಬ್ಯಾಡ್ರಿ, ಅದು ಛಲೋ ಅಲ್ಲ."

ಹೀಗೆ ಕೇಳಿದರೆ ಏನು ಮಾಡುವುದು? ಕೈ ಎದೆಯ ಮೇಲಿಟ್ಟು ಕೊರಳು ಬಿಟ್ಟೆ. ಬರಬೇಕಾದದ್ದು ಬರಲಿ ಎಂದು ಹಲ್ಲು ಕಚ್ಚಿದೆ. ಅವರು ನನ್ನನ್ನು ಹಿಂದಕ್ಕೆ ಕೆಡವಿದರು. ತಲೆ ಮಂಚದಾಚೆ ಜೋತುಬಿತ್ತು.

ಒಂದೆರಡು ಉಸಿರು ಏನೂ ಇಲ್ಲ. ಆಮೇಲೆ ಬಂತು. ಛಾವಣಿ ಕಿತ್ತುಕೊಂಡು ಹೊರಟಿತು. ಬಾಯಿಯವರ ತೋಳು ಹಿಡಿದುಕೊಂಡೆ; ಆದರೆ ಕಣ್ಣು ಮುಚ್ಚಲಿಲ್ಲ. ಅದನ್ನು ದಿಟ್ಟಿಸಿ ನೋಡಿದೆ. ಎಷ್ಟು ತಿರುಗಿಸುತ್ತೀ ತಿರುಗಿಸು, ಇವತ್ತು ಎಲ್ಲರೂ ನಿನ್ನನ್ನು ನೋಡಲಿ ಎಂದು ಮನಸ್ಸಿನಲ್ಲಿಯೇ ಬೈದೆ.

"ಬರ್ರಿ ಇಲ್ಲೆ, ನೋಡ್ರಿ ಇವರ ಕಣ್ಣು," ಎಂದು ಬಾಯಿಯವರು ಭಾವಮೈದುನನನ್ನು ಕರೆದರು.

ಅವನು ಬಗ್ಗಿದ. "ಅಯ್ಯಯ್ಯಯ್ಯ! ಲಾಳಿ ಹೊಡದಂಗ ಹೊಡ್ಯಾಕತ್ತಾವಲ್ರೀ. ಮಾಮಾ, ನೀವ ಕುಣಸಾಕತ್ತೀರೇನು?"

"ಹಿಂಗ ಕಣ್ಣಗುಡ್ಡಿ ತಿರುವಿ ಕುಣಸಾಕ ಯಾರಿಗೂ ಬೇಕಂತ ಬರೂದಿಲ್ಲ," ಅಂದರು ಬಾಯಿಯವರು. "ಕುಡದದ್ದಕ್ಕ ಬಂದದ್ದೂ ಅಲ್ಲ. ಬಲಗಿವಿ ಒಳಗಿಂದಿದು."

ಸ್ವಲ್ಪ ಹೊತ್ತಿಗೆ ಎಲ್ಲವೂ ನಿಂತಿತು. ಅವರು ತಿಳಿಸಿ ಹೇಳಿದರು. ಕಿವಿಯ ಒಳಗೆ ಸುಣ್ಣದಂಥ ಸಣ್ಣ ಕಣಗಳಿರುತ್ತವಂತೆ. ಅವು ತಮ್ಮ ಜಾಗ ಬಿಟ್ಟು ಪಕ್ಕದ ಕೊಳವೆಯೊಳಗೆ ಬಿದ್ದಿವೆಯಂತೆ. ತಲೆ ಹೊರಳಿಸಿದಾಗ ಅವೂ ಉರುಳಿ, ಇಲ್ಲದ ತಿರುಗಾಟವನ್ನು ಮಿದುಳಿಗೆ ಹೇಳುತ್ತವಂತೆ. ನಂತರ ನನ್ನ ತಲೆಯನ್ನು ನಿಧಾನವಾಗಿ ಎಡಕ್ಕೆ ತಿರುಗಿಸಿದರು. ಮೈಯನ್ನೂ ಎಡಮಗ್ಗುಲಿಗೆ ಹೊರಳಿಸಿ, ಮೂಗು ನೆಲದ ಕಡೆ ಮಾಡಿಸಿ, ಹಾಗೆಯೇ ಎಬ್ಬಿಸಿ ಕೂರಿಸಿದರು. ಬಿದ್ದ ಕಣಗಳನ್ನು ಉರುಳಿಸಿ ಮನೆಗೆ ಕಳಿಸುವ ದಾರಿ ಅದು. ಗುಳಿಗೆ ಇಲ್ಲ, ಸೂಜಿ ಇಲ್ಲ. ಏಣಿ ಮಾತ್ರ ಮತ್ತೆ ಬಂದು ತೋರಿಸುವವರೆಗೆ ಬೇಡ ಅಂದರು. ಅಲ್ಲಿಯೇ ಜಗಳ ತೆಗೆಯಬೇಕೆನ್ನಿಸಿತು. ಆದರೂ ಅವರ ಮಾತು ನಡೆಸಿದೆ.

ಮುಂದಿನ ವಾರ ಮತ್ತೆ ಮಲಗಿಸಿದರು. ಈ ಸಲ ಕೊರಳು ತಾನಾಗಿಯೇ ಬಿಟ್ಟಿತು. ಛಾವಣಿ ಇದ್ದಲ್ಲಿಯೇ ಇತ್ತು. "ಹತ್ರಿ ಏಣಿ," ಅಂದರು.

ನೆಟ್ಟಗೆ ಕಾರ್ಖಾನೆಗೆ ಹೋದೆ. ಭಾವಮೈದುನ ಆಗಲೇ ಕಂಡದ್ದನ್ನೆಲ್ಲ ಹೇಳಿದ್ದ. ಮಂದಿ ಅದನ್ನೂ ತಮಗೆ ಬೇಕಾದಂತೆ ಮಾಡಿಕೊಂಡಿದ್ದರು. ಬಾಗಿಲಲ್ಲಿಯೇ ಒಬ್ಬ ಕೇಳಿದ: "ಕಾಕಾ, ತಲ್ಯಾಗ ಕಲ್ಲು ಬಿದ್ದಾವಂತಲ್ಲ, ಅಲಗ್ಯಾಡಿಸಿದ್ರ ಸಪ್ಪಳ ಬರತೈತೇನು?"

ಅವನನ್ನು ದಾಟಿ ಒಳಗೆ ಹೋದೆ. ಸಾವುಕಾರರ ಮುಂದೆ ಸೀರೆಯ ಗಂಟುಗಳನ್ನು ಪೇರಿಸಿದ್ದರು. ಅವುಗಳ ಮೇಲೆ ಕಾಲು ಚಾಚಿ ಕೂತೆ. ಮುಖ ಬಲಕ್ಕೆ ತಿರುಗಿಸಿ ಧಪ್ಪನೆ ಹಿಂದಕ್ಕೆ ಬಿದ್ದೆ. ತಲೆ ಗಂಟಿನಾಚೆ ಜೋತುಬಿತ್ತು.

"ಬರ್ರಿ ಸಾವ್ಕಾರ್ರ. ನನ್ನ ಕಣ್ಣಾಗ ನೋಡ್ರಿ. ಬಾಗಿಲದಾಗ ನಿಂತಾವ್ನೂ ಕರೀರಿ. ಮೂಸಿ ನೋಡಾವ್ರಿದ್ರ ಬಾಯೂ ಮೂಸ್ಲಿ."

ಮಗ್ಗಗಳು ಒಂದೊಂದಾಗಿ ನಿಂತವು. ನೇಕಾರರು ಸುತ್ತ ಬಂದು ನನ್ನ ಮುಖದ ಮೇಲೆ ಬಗ್ಗಿದರು. ಎಲ್ಲರ ಮುಖವೂ ತಲೆಕೆಳಗಾಗಿ ಕಂಡಿತು, ಯಾವುದೂ ತಿರುಗಲಿಲ್ಲ. ಒಬ್ಬೊಬ್ಬರ ಕಣ್ಣನ್ನೂ ಅವರಾಗಿ ನೋಟ ತಪ್ಪಿಸುವತನಕ ನೋಡಿದೆ. ಕಲ್ಲಿನ ಸಪ್ಪಳ ಬರುತ್ತದೇನು ಎಂದವನೇ ಮೊದಲು ತಪ್ಪಿಸಿದ.

"ಏಳೋ ಮಾರಾಯಾ, ಸೀರಿ ಮಡಿಕಿ ಕೆಡತಾವು," ಅಂದರು ಸಾವುಕಾರರು. ಆಮೇಲೆ, "ಮೂಲಿ ಮಗ್ಗದ ಜಕಾರ್ಡು ಕೆಟ್ಟು ನಿಂತೈತಿ. ನೋಡು ಹೋಗು," ಎಂದರು.

ಏಣಿ ಹತ್ತಿ ತಲೆಯನ್ನು ಹಿಂದಕ್ಕೆ ಚೆಲ್ಲಿದೆ. ನಾನಿಲ್ಲದಾಗ ಯಾರೋ ಹಾಕಿದ ಹಾಳು ಗಂಟುಗಳು ಗೊಂಚಲುಗಟ್ಟಿದ್ದವು. ಬಿಚ್ಚತೊಡಗಿದೆ. ಕೆಳಗೆ ಭಾವಮೈದುನ ಏಣಿಯ ಕಾಲು ಹಿಡಿದು ನಿಂತಿದ್ದ. ಬೇಡವೆಂದರೂ ಬಿಡಲಿಲ್ಲ.

"ಮಾಮಾ, ಕಿವ್ಯಾಗಿನವು ಮತ್ತ ಜಾಗಾ ಬಿಡಬಹುದು ಅಂದಾರಲ್ಲ ಬಾಯಾರು. ಹೊಳ್ಳಿ ಬಂದ್ರ?"

"ಬಂದ್ರ ಬರ್ಲಿ. ಜಮಖಂಡಿಗಿ ಬಸ್ಸು ಅದಾವು. ಕತ್ತರಿ ಕೊಡು ಮ್ಯಾಲ."