ಕುರ್ಚಿಯಲ್ಲೇ ಉಳಿದವನ ಬಾಕಿ ಸಂಬಳ

ಟಪಾಲು ಗುಮಾಸ್ತನನ್ನು ಕಚೇರಿಯಲ್ಲಿ ಎಲ್ಲರೂ ಗೋಂದು ಅಂತಲೇ ಕರೆಯುತ್ತಿದ್ದರು. ಲಕೋಟೆ ಅಂಟಿಸಿ ಅಂಟಿಸಿ ಅವನ ಬೆರಳು ಎಷ್ಟು ಅಂಟಾಗಿತ್ತೆಂದರೆ, ಬೆಳಿಗ್ಗೆ ಕೈಕುಲುಕಿದವರು ಊಟದ ಹೊತ್ತಿನವರೆಗೂ ಅವನ ಜೊತೆಗೇ ಓಡಾಡಬೇಕಾಗುತ್ತಿತ್ತು. ಅವನ ನೇಮಕವೂ ಹಾಗೇ, ಹೇಗೋ ಅಂಟಿಕೊಂಡದ್ದು. ಹಳೇ ಸಾಹೇಬರು ಒಂದು ದಿನ ಕಿಟಕಿಯಿಂದ ತಲೆ ಹೊರಹಾಕಿ, ಬೀದಿಯಲ್ಲಿ ಹೋಗುತ್ತಿದ್ದವನನ್ನು "ಏಯ್, ಓದು ಬರಹ ಬರುತ್ತೇನೋ?" ಎಂದು ಕರೆದು ಕೂರಿಸಿದ್ದರು. ಜಾಹೀರಾತಿಲ್ಲ, ಪರೀಕ್ಷೆಯಿಲ್ಲ. ವರ್ಷಗಳಾದ ಮೇಲೆ ಸರ್ಕಾರಕ್ಕೆ ಎಚ್ಚರವಾಗಿ, ಇಂಥ ಅಕ್ರಮ ನೇಮಕದವರನ್ನೆಲ್ಲ ಒಂದೇ ಆದೇಶದಲ್ಲಿ ಮನೆಗಟ್ಟಿತು.

ಗೋಂದು ಹೋದ. ಕುರ್ಚಿ ಖಾಲಿಯಾಗಲಿಲ್ಲ.

ಆ ಕಚೇರಿಯದೊಂದು ರೂಢಿ. ಯಾರಾದರೂ ಬಾರದಿದ್ದರೆ ಉಳಿದವರು ಅವರ ಕುರ್ಚಿಗೊಂದು ಚೀಲ ನೇತುಹಾಕಿ, ಫ್ಯಾನು ಹಾಕಿ, ಮೇಜಿನ ಮೇಲೊಂದು ಟೀ ಇಡಿಸಿ, ಸಾಹೇಬರು ಕೇಳಿದರೆ "ಈಗ ತಾನೆ ಇದ್ರು ಸಾರ್" ಅನ್ನುವುದು. ಗೋಂದು ಹೋದ ಮರುದಿನವೂ ಯಾರದೋ ಕೈ ತಾನಾಗಿ ಫ್ಯಾನಿನ ಸ್ವಿಚ್ಚಿಗೆ ಹೋಯಿತು. ಆಮೇಲೆ ಅದೇ ನಡೆಯಿತು. ಹಳಬರು ನಿವೃತ್ತರಾದರು, ಸಾಹೇಬರು ಬದಲಾದರು, ಫ್ಯಾನು ತಿರುಗುತ್ತಲೇ ಇತ್ತು.

ಹೊರಗೆ ಗೋಂದು ಛತ್ರಿ ರಿಪೇರಿ ಮಾಡಿಕೊಂಡು ಅರೆಹೊಟ್ಟೆಯಲ್ಲಿ ಬದುಕಿದ. ಹೆಂಡತಿಯ ಹೊಲಿಗೆ ಮಷೀನು ಅಡವು ಅಂಗಡಿ ಸೇರಿತು. ಅವಳು ಬಟ್ಟೆಯನ್ನು ಮೂಗಿಗೆ ತಾಗಿಸಿಕೊಂಡು ಕೈಯಲ್ಲೇ ಹೊಲಿಯುತ್ತಿದ್ದಳು. ಕೊನೆಗೆ ನ್ಯಾಯಾಲಯ ಕಣ್ಣುಬಿಟ್ಟು, ನೋಟೀಸಿಲ್ಲದೆ ತೆಗೆದದ್ದು ತಪ್ಪು, ಕೆಲಸವಿಲ್ಲದೆ ಹೊರಗಿದ್ದ ಕಾಲಕ್ಕೆ ಬಾಕಿ ಸಂಬಳ ಕೊಡಿ ಎಂದಿತು. ಅಷ್ಟು ಕಾಲ ಹೊರಗೇ ಇದ್ದ ಎಂದು ಕಚೇರಿಯವರು ಬರೆದುಕೊಟ್ಟರೆ ಸಾಕು.

"ದುಡ್ಡು ಬಂದ ದಿನಾನೇ ನನ್ನ ಮಷೀನು ಬಿಡಿಸ್ಬೇಕು ಕಣ್ರೀ," ಎಂದು ಹೆಂಡತಿ ಕಳಿಸಿಕೊಟ್ಟಳು.

ಹೆಡ್ ಗುಮಾಸ್ತರು ಅವನನ್ನು ನೋಡಿ ತಲೆಯನ್ನೂ ಪೂರ್ತಿ ಎತ್ತಲಿಲ್ಲ. ರೂಢಿಯ ಮಾತು ತಾನಾಗಿ ಬಾಯಿಗೆ ಬಂತು. "ಏನೋ ಗೋಂದು, ಇವತ್ತು ಟೀ ಬೇಗ ಮುಗೀತಾ?"

"ಯಾವ ಟೀ ಸಾರ್? ನಾನು ಈ ಕಡೆ ತಲೆ ಹಾಕಿ ಎಷ್ಟು ವರ್ಷ ಆಯ್ತು."

ಅವರ ಕೈಯಲ್ಲಿದ್ದ ಪೆನ್ನು ನಿಂತಿತು. "ಹಂಗಾದ್ರೆ ದಿನಾ ಲಕೋಟೆ ಅಂಟಿಸ್ತಿರೋದು ಯಾರು?"

"ನೀವು ಅಂದ್ಕೊಂಡಿದ್ದೆ ಸಾರ್," ಎಂದಳು ಪಕ್ಕದ ಮೇಜಿನ ಟೈಪಿಸ್ಟಮ್ಮ.

"ನಾನು ನೀನು ಅಂದ್ಕೊಂಡಿದ್ದೆ ಕಣಮ್ಮ."

ಮೂವರೂ ಮೂಲೆಯ ಕುರ್ಚಿಯತ್ತ ನೋಡಿದರು. ಕೂತವರ ಭಾರಕ್ಕೆ ತಗ್ಗಿದಂತೆ ದಿಂಬು ತಗ್ಗಿತ್ತು. ಟೀ ಅರ್ಧ ಖಾಲಿಯಾಗಿತ್ತು. ಲಕೋಟೆಯ ಅಂಚಿನಲ್ಲಿ ಆಗಷ್ಟೇ ಸವರಿದ ಗೋಂದು ಹಸಿಯಾಗಿ ಹೊಳೆಯುತ್ತಿತ್ತು.

ಹೆಡ್ ಗುಮಾಸ್ತರು ಪಿಸುಗುಟ್ಟಿದರು: "ಪಾಪ, ಅದರಿಂದ ಯಾರಿಗೂ ತೊಂದರೆ ಇಲ್ಲ. ನಿನ್ನ ಹಂಗೆ ತಿಂಗಳ ಕೊನೇಲಿ ಸಾಲಾನೂ ಕೇಳಲ್ಲ."

"ಸಾರ್, ನನ್ನ ಕಾಗದ?"

"ಕುರ್ಚಿ ತುಂಬಿರೋವಾಗ ನೀನು ಹೊರಗಿದ್ದೆ ಅಂತ ಹೆಂಗಪ್ಪಾ ಬರೀಲಿ?"

ಗೋಂದುವಿನ ಕಣ್ಣ ಮುಂದೆ ಮಷೀನೊಂದೇ ಇತ್ತು. "ಕಳಿಸಿಬಿಡಿ ಹಾಗಾದ್ರೆ, ಆ ಕುರ್ಚಿಲಿರೋದನ್ನ," ಎಂದುಬಿಟ್ಟ.

ಹೆಡ್ ಗುಮಾಸ್ತರು ಕುರ್ಚಿಯ ಬಳಿ ಹೋಗಿ, ಮಗುವಿಗೆ ಹೇಳುವ ದನಿಯಲ್ಲಿ "ನಾಳೆಯಿಂದ ಬರಬೇಡಪ್ಪಾ" ಎಂದು ಫ್ಯಾನು ಆರಿಸಿದರು. ರೆಕ್ಕೆಗಳು ನಿಲ್ಲಲು ಅರ್ಧ ಆಯುಸ್ಸು ತೆಗೆದುಕೊಂಡವು. ಕುರ್ಚಿ ತಾನಾಗಿ ಹಿಂದಕ್ಕೆ ಸರಿಯಿತು. ಗೋಂದುವಿನ ಭುಜ ಸವರಿಕೊಂಡು ಏನೋ ತಣ್ಣಗೆ ಹಾದುಹೋಯಿತು. ಬಾಗಿಲ ಬಳಿ ಒಂದು ಗಳಿಗೆ ನಿಂತು, ಹೊರಟಿತು.

ಬಾಕಿ ಸಂಬಳ ಬಂದ ದಿನ ಮಧ್ಯಾಹ್ನ ಗೋಂದು ಊಟಕ್ಕೆ ಕೂತಿದ್ದ. ಹಳೇ ಸಾಲ, ವಕೀಲರ ಫೀಸು, ಎಲ್ಲ ಖರ್ಚು ಕಳೆದು ಸರಿಯಾಗಿ ಮಷೀನು ಬಿಡಿಸುವಷ್ಟೇ ಉಳಿದಿತ್ತು. ಹೆಂಡತಿ ಅದನ್ನು ಸೆರಗಿಗೆ ಗಂಟು ಹಾಕಿಕೊಂಡಿದ್ದಳು.

"ಬಾಗಿಲಲ್ಲಿ ಯಾರೋ ನಿಂತಿದ್ದಾರೆ ನೋಡ್ರೀ."

"ಯಾರೂ ಇಲ್ಲ."

"ಯಾರೂ ಇಲ್ದೆ ನೆರಳು ಒಂದೇ ಬಂದಿದೆಯಾ?"

ಹೊಸ್ತಿಲ ಮೇಲೆ ನೆರಳು ಬಿದ್ದಿತ್ತು. ಬೆನ್ನು ಅವನ ಹಾಗೇ ಗೂನಾಗಿತ್ತು. ಗೋಂದು ತುತ್ತನ್ನು ತಟ್ಟೆಗಿಟ್ಟು ನಡೆದದ್ದೆಲ್ಲ ಹೇಳಿದ. ಅವಳು ಹೆದರುತ್ತಾಳೆಂದುಕೊಂಡ. ಅವಳು ಲೆಕ್ಕ ಕೇಳಿದಳು.

"ಅವರನ್ನೂ ನೋಟೀಸಿಲ್ಲದೆ ತೆಗೆದ್ರಾ?"

"ಹೂಂ."

"ತೆಗೀರಿ ಅಂದಿದ್ದು ಯಾರು?"

ಅವನು ತಟ್ಟೆ ನೋಡಿದ.

"ಇಷ್ಟು ವರ್ಷದ ಸಂಬಳ?"

"ಕೊಟ್ಟೇ ಇರಲಿಲ್ಲ."

ಅವಳು ಸೆರಗಿನ ಗಂಟು ಬಿಚ್ಚಿದಳು.

"ಮಷೀನು ಕಣೇ," ಎಂದ ಗೋಂದು.

"ಇಷ್ಟು ದಿನ ಕೈಯಲ್ಲಿ ಹೊಲಿದಿಲ್ವಾ ನಾನು?" ಎಂದು ಅರ್ಧ ದುಡ್ಡು ಹೊಸ್ತಿಲ ಮೇಲಿಟ್ಟು, ಒಳಗಿಂದ ಇನ್ನೊಂದು ತಟ್ಟೆ ತಂದಳು.

ಅವನು ಮತ್ತೆ ನೋಡುವಷ್ಟರಲ್ಲಿ ಹೊಸ್ತಿಲ ಮೇಲೆ ದುಡ್ಡಿರಲಿಲ್ಲ, ನೆರಳೂ ಇರಲಿಲ್ಲ. ಪಕ್ಕದಲ್ಲಿ ಚಾಪೆ ಮೆಲ್ಲಗೆ ತಗ್ಗಿತು. ಗೋಂದು ತಲೆ ಎತ್ತದೆ, ತುಸು ಸರಿದು ಜಾಗ ಬಿಟ್ಟ.