ಪಾರ್ಕಿಂಗಿನ ನಲ್ಲಿಯ ಕೃಷ್ಣೆ

ಹೈದರಾಬಾದಿನಲ್ಲಿ ನಲವತ್ತು ವರ್ಷ ಕಳೆದರೂ ನಮ್ಮ ಅತ್ತೆಗೆ ಊರು ಎಂದರೆ ಕೃಷ್ಣಾ ನದಿಯೇ. ರಾಯಚೂರಿನ ಹತ್ತಿರ ಅದರ ದಂಡೆಯ ಮೇಲೆ ಹುಟ್ಟಿದವರು ಅವರು. ಮಾವನಿಗೆ ನಾಂಪಲ್ಲಿಯ ಸರ್ಕಾರಿ ಕಚೇರಿಯಲ್ಲಿ ಕೆಲಸ ಸಿಕ್ಕಾಗ ಬಂದು ಸುಲ್ತಾನ್ ಬಜಾರಿನ ಹಿಂದಿನ ಗಲ್ಲಿಯಲ್ಲಿ ಸಂಸಾರ ಹೂಡಿದರು. ತರಕಾರಿಯವರ ಜೊತೆ ತೆಲುಗಿನಲ್ಲಿ, ಬಟ್ಟೆ ಅಂಗಡಿಯವರ ಜೊತೆ ಹಿಂದಿಯಲ್ಲಿ ಚೌಕಾಸಿ ಮಾಡಲು ಕಲಿತರು. ದೇವರ ಜೊತೆ, ನದಿಯ ಜೊತೆ ಮಾತ್ರ ಕನ್ನಡ. ಅದನ್ನು ನದಿ ಎಂದೂ ಕರೆಯುತ್ತಿರಲಿಲ್ಲ, ಹೊಳಿ ಅನ್ನುತ್ತಿದ್ದರು.

ಅವರೊಡನೆ ಬಸ್ಸಿನಲ್ಲಿ ಹೋಗುವಾಗ ಮೂಸಿ ನದಿಯ ಸೇತುವೆ ಬಂದರೆ ನನಗೆ ನಾಚಿಕೆಯಾಗುತ್ತಿತ್ತು. ಬಸ್ಸಿನವರೆಲ್ಲ ಮೂಗಿಗೆ ಕರವಸ್ತ್ರ ಹಿಡಿದರೆ ಇವರು ಕಣ್ಣು ಮುಚ್ಚಿ ಕೈ ಮುಗಿಯುತ್ತಿದ್ದರು.

"ಈ ಗಟಾರಕ್ಕ ಯಾಕ ಕೈ ಮುಗೀತೀರಿ ಅತ್ತಿ?" ಎಂದು ಒಮ್ಮೆ ಕೇಳಿಯೇಬಿಟ್ಟೆ.

"ಗಟಾರ ಮಾಡಿದವರು ನಾವವಾ. ಇಕಿ ಮುಂದ ಹೋಗಿ ನಮ್ಮ ಕೃಷ್ಣಾನ್ನ ಕೂಡ್ತಾಳ. ತವರಿಗೆ ಹೊಂಟಾಕಿನ್ನ ನೋಡಿ ಮೂಗು ಮುಚ್ಚಿಕೊಂತಾರೇನು?" ಎಂದರು.

ಪಕ್ಕದಲ್ಲಿದ್ದ ಮಾವ ತಮ್ಮ ಪಾಲಿನದನ್ನೂ ಸೇರಿಸಿದರು. ಈ ಶಹರ ಹುಟ್ಟಿದ್ದೇ ಮೂಸಿಯ ದಂಡೆಯಲ್ಲಿ, ಹಿಂದೊಮ್ಮೆ ಅದು ಉಕ್ಕಿ ಊರು ನುಂಗಿದಾಗ ದೊರೆಯೇ ದಂಡೆಗೆ ಬಂದು ಪೂಜೆ ಮಾಡಿದನಂತೆ, ಹುಣಸೆಮರ ಹತ್ತಿದವರು ಮಾತ್ರ ಉಳಿದರಂತೆ. ನಾನು ಹೂಂ ಎಂದು ತಲೆಯಾಡಿಸಿ ಮೊಬೈಲು ನೋಡುತ್ತಿದ್ದೆ. ಅತ್ತೆಗೆ ನದಿ ಹೆಣ್ಣು, ಮಾವನಿಗೆ ನದಿ ಇತಿಹಾಸ. ನನಗೆ ಟ್ರಾಫಿಕ್ ನಿಲ್ಲುವ ಜಾಗ.

ಅದು ಹೈಟೆಕ್ ಸಿಟಿಯ ಸುತ್ತ ಬಂಡೆ ಸಿಡಿಸಿ ಗಾಜಿನ ಕಟ್ಟಡ ಎಬ್ಬಿಸುತ್ತಿದ್ದ ಕಾಲ. ನಾನು ಮಾದಾಪುರದ ಒಂದು ಕಂಪನಿಯಲ್ಲಿ ಸಾಫ್ಟ್‌ವೇರ್ ಟೆಸ್ಟಿಂಗ್ ಮಾಡುತ್ತಿದ್ದೆ. ಬೇರೆಯವರ ತಪ್ಪು ಹುಡುಕುವುದೇ ನನ್ನ ಉದ್ಯೋಗ, ಅದರಲ್ಲಿ ಗಟ್ಟಿಗಿತ್ತಿ ಎಂಬ ಹೆಸರೂ ಇತ್ತು. ಮಿಯಾಪುರದಲ್ಲಿ ಫ್ಲ್ಯಾಟು ತೆಗೆದುಕೊಂಡೆವು. ಮೆಟ್ರೋ ಇನ್ನೂ ಕನಸಿನಲ್ಲೂ ಇರಲಿಲ್ಲ. ಹಳೆಯ ಗಲ್ಲಿ ಬಿಟ್ಟು ಅತ್ತೆ ಮಾವ ನಮ್ಮ ಜೊತೆ ಬಂದರು. ಬಂದ ಎರಡನೇ ವರ್ಷ ಅತ್ತೆಯ ಹೃದಯ ಸೋತಿತು. ಇನ್ನು ಪ್ರಯಾಣ ಬೇಡವೇ ಬೇಡ ಎಂದು ಡಾಕ್ಟರು ಹೇಳಿದರು.

ಅದೇ ಹೊತ್ತಿಗೆ ರಾಯಚೂರಿನಲ್ಲಿ ನನ್ನ ಚಿಕ್ಕಮ್ಮನ ಮಗಳ ಮದುವೆ ಬಂತು. ಹೊರಡುವ ದಿನ ಅತ್ತೆ ತಿರುಪಿನ ಮುಚ್ಚಳದ ಒಂದು ತಾಮ್ರದ ತಂಬಿಗೆಯನ್ನು ಹುಣಸೆಹಣ್ಣು ಹಚ್ಚಿ ಫಳಫಳ ಬೆಳಗಿ ನನ್ನ ಕೈಗಿಟ್ಟರು.

"ಎಲ್ಲಾರೂ ಗಂಗಾ ಇಟ್ಕೊಂತಾರ. ನನಗ ಗಂಗಾ ಬ್ಯಾಡ. ಜೀವ ಹೋಗೋ ಹೊತ್ತಿನ್ಯಾಗ ನಮ್ಮ ಹೊಳಿ ನೀರು ಒಂದ ಹನಿ ಬಾಯಾಗ ಬಿದ್ದರ ಸಾಕು. ದಂಡಿ ಮ್ಯಾಲಿಂದ ಬಗ್ಗಿ ತುಂಬಬ್ಯಾಡ. ಮೊಣಕಾಲತನಕ ಇಳಿ, ಅರಿಷಿಣ ಕುಂಕುಮ ಬಿಡು, ಆಮ್ಯಾಲೆ ತುಂಬು. ಭಾಳ ಕೇಳಾಕತ್ತೀನಿ ಏನು?"

"ಇದರಾಗೇನೈತ್ರೀ ಅತ್ತಿ, ತರ್ತೀನಿ" ಎಂದೆ.

ಮದುವೆಯ ಮರುದಿನ ಭಾನುವಾರ. ಬೆಳಿಗ್ಗೆ ನದಿಗೆ ಹೋಗಿ ಬಂದು ಮಧ್ಯಾಹ್ನದ ರೈಲು ಹಿಡಿಯುವುದೆಂದು ಲೆಕ್ಕ ಹಾಕಿದ್ದೆ. ತಲೆಗೆ ಎರೆದುಕೊಂಡು ಬರುವಷ್ಟರಲ್ಲಿ ಆಫೀಸಿನಿಂದ ಫೋನು. ನಾನು ಸರಿಯಿದೆ ಎಂದು ಸಹಿ ಹಾಕಿ ಕಳಿಸಿದ್ದರಲ್ಲಿ ಏನೋ ತಪ್ಪು ಸಿಕ್ಕಿತ್ತು. ಮದುವೆ ಮನೆಯ ಮಾಳಿಗೆಯ ಮೇಲೆ ನಿಂತು ಮಾತಾಡಿದೆ, ವಾದ ಮಾಡಿದೆ. ನದಿಗೆ ಹೋಗುವುದು ಹಾಗೇ ತಪ್ಪಿತು. ರೈಲು ರಾಯಚೂರು ಬಿಟ್ಟು ಸ್ವಲ್ಪ ಹೊತ್ತಿಗೆ ಸೇತುವೆಯ ಮೇಲೆ ಗಡಗಡ ಸದ್ದು ಮಾಡಿತು. ಕಿಟಕಿಯ ಕೆಳಗೆ ಅಗಲಕ್ಕೆ ಕೃಷ್ಣೆ, ನಡುನಡುವೆ ಕರಿಬಂಡೆಗಳು. ಡಬ್ಬಿಯಲ್ಲಿದ್ದ ಹೆಂಗಸರೆಲ್ಲ ಎದ್ದು ನಿಂತು ಕೈ ಮುಗಿದರು. ಮಡಿಲ ಚೀಲದಲ್ಲಿ ಖಾಲಿ ತಂಬಿಗೆ ಇಟ್ಟುಕೊಂಡು ನಾನೂ ಮುಗಿದೆ.

ದೀಪ ಹಚ್ಚುವ ಹೊತ್ತಿಗೆ ಮಿಯಾಪುರ ಮುಟ್ಟಿದೆ. ಬರಿಗೈಯಲ್ಲಿ ಬಂದೆ ಎಂದು ಹೇಳುವ ಧೈರ್ಯ ಬರಲಿಲ್ಲ. ಅಪಾರ್ಟ್‌ಮೆಂಟಿನ ಪಾರ್ಕಿಂಗಿನಲ್ಲಿ ಕಾರು ತೊಳೆಯುವ ನಲ್ಲಿಯೊಂದಿತ್ತು. ಅಕ್ಕಪಕ್ಕ ನೋಡಿ ತಂಬಿಗೆ ಹಿಡಿದೆ. ಕೃಷ್ಣೆಯ ನೀರು ಪೈಪಿನಲ್ಲಿ ಹೈದರಾಬಾದಿಗೆ ಬಂತೆಂದು ಆಗ ಎಲ್ಲೆಲ್ಲೂ ಮಾತು. ನಾನೂ ಅದನ್ನೇ ಹಿಡಿದುಕೊಂಡೆ. ಸರ್ಕಾರವೇ ಕೃಷ್ಣೆಯನ್ನು ಮನೆಬಾಗಿಲಿಗೆ ತಂದಿರುವಾಗ ನಾನು ಮೊಣಕಾಲು ನೆನೆಸಿದರೇನು, ಬಿಟ್ಟರೇನು? ಇಂಥ ವಾದ ಹೂಡುವುದರಲ್ಲಿ ನಾನು ಎಂದೂ ಸೋತವಳಲ್ಲ.

ಮೇಲೆ ಹೋದರೆ ಅತ್ತೆ ಹೊಸ್ತಿಲಲ್ಲಿ ಆರತಿ ತಟ್ಟೆ ಹಿಡಿದು ನಿಂತಿದ್ದರು. ಎರಡು ಹೆಜ್ಜೆ ನಡೆದರೆ ಏದುಸಿರು ಬರುವ ಹೆಂಗಸು. ನನಗಲ್ಲ, ತಂಬಿಗೆಗೆ ಆರತಿ. "ಬಾರವಾ ತಾಯಿ, ಒಳಗ ಬಾ" ಎಂದು ನೀರಿಗೆ ಹೇಳಿದರು. ಆಮೇಲೆ ನನ್ನನ್ನು ಕೂರಿಸಿಕೊಂಡು ಒಂದೇ ಸಮನೆ ಪ್ರಶ್ನೆ.

"ಹೊಳ್ಯಾಗ ನೀರೆಷ್ಟಿತ್ತು? ಕರಿ ಬಂಡಿಗಲ್ಲು ಕಾಣತಿದ್ದುವೇನು? ಕಾಲಿಗೆ ಮೀನ ಮರಿ ಕಚ್ಚಿದುವೇನು?"

"ಕಚ್ಚಿದುವ್ರೀ" ಎಂದೆ. ಸಣ್ಣ ಹುಡುಗಿಯ ಹಾಗೆ ನಕ್ಕರು. ಆ ನಗುವಿಗೆ ನಾನು ಇನ್ನಷ್ಟು ಸುಳ್ಳು ಕೊಟ್ಟೆ. ಹರಗೋಲು ದಾಟುತ್ತಿತ್ತು ಎಂದೆ, ದಂಡೆಯಲ್ಲಿ ಬಟ್ಟೆ ಒಗೆಯುವವರು ನಿಮ್ಮ ಊರಿನ ಹೆಸರು ಕೇಳಿ ಮಾತಾಡಿಸಿದರು ಎಂದೆ. ಮರುದಿನ ಎದುರು ಮನೆಯವರನ್ನೂ ಕರೆದು ನನ್ನ ಬಾಯಿಂದಲೇ ಎಲ್ಲ ಹೇಳಿಸಿದರು. "ನನ್ನ ಸ್ವಂತ ಮಗಳಿದ್ದರೂ ಇಷ್ಟು ಮಾಡತಿದ್ದಿಲ್ಲ" ಎಂದರು.

ತಿಂಗಳು ಕಳೆದಿರಬೇಕು, ಲಿಫ್ಟಿನ ಬಾಗಿಲಿಗೆ ಚೀಟಿ ಅಂಟಿಸಿದ್ದರು. ಮಂಜೀರಾ ಪೈಪ್‌ಲೈನ್ ದುರಸ್ತಿ, ಎರಡು ದಿನ ನೀರು ಬರುವುದಿಲ್ಲ. ನಮ್ಮದು ಕೃಷ್ಣಾ ನೀರಲ್ಲವೇ ಎಂದು ಅಪಾರ್ಟ್‌ಮೆಂಟಿನ ಸೆಕ್ರೆಟರಿಯನ್ನು ಕೇಳಿದೆ. "ಇಕ್ಕಡ ಅಂತಾ ಮಂಜೀರಾ ಮೇಡಂ, ಇಲ್ಲೆಲ್ಲ ಮಂಜೀರಾನೇ, ಕೃಷ್ಣಾ ಬರೋದು ಶಹರದ ಆ ಕಡೆಗೆ" ಎಂದು ಅವರು ನಕ್ಕರು. ಮಂಜೀರಾ ಹೋಗಿ ಸೇರುವುದು ಗೋದಾವರಿಯನ್ನು. ಗೋದಾವರಿಯೂ ಪುಣ್ಯನದಿಯೇ, ಆದರೆ ಅತ್ತೆ ಅವಳನ್ನು ಕೇಳಿರಲಿಲ್ಲ. ನಾನು ಮೂಗು ಮುಚ್ಚಿಕೊಂಡ ಆ ಮೂಸಿಗಾದರೂ ಇಳಿದಿದ್ದರೆ ಕೃಷ್ಣೆಯ ಬಳಗದವಳನ್ನೇ ತಂದಂತಾಗುತ್ತಿತ್ತು.

ಇನ್ನೂ ಸಮಯವಿತ್ತು. ಮುಂದಿನ ಭಾನುವಾರ ಹೋಗಿ ಗುಟ್ಟಾಗಿ ತಂದು ಬದಲಾಯಿಸುತ್ತೇನೆ ಅಂದುಕೊಂಡೆ. ಆ ಭಾನುವಾರ ಕೆಲಸ ಬಂತು. ಅದರ ಮುಂದಿನದಕ್ಕೆ ಜ್ವರ. ಅದರ ಮುಂದಿನದಕ್ಕೆ ಏನೂ ಇರಲಿಲ್ಲ, ಆದರೂ ಹೋಗಲಿಲ್ಲ.

ಆಮೇಲಿನ ಬುಧವಾರ ಬೆಳಿಗ್ಗೆ ಹತ್ತರ ಸುಮಾರಿಗೆ ಅತ್ತೆಗೆ ಉಸಿರು ಸಿಗದಾಯಿತು. ನನ್ನ ಗಂಡ ಡಾಕ್ಟರನ್ನು ಕರೆತರಲು ಓಡಿದರು. ಮಾವ ಅವರ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು, ದೇವರ ಮುಂದಿದ್ದ ತಂಬಿಗೆ ತರಲು ನನಗೆ ಹೇಳಿದರು. ತಂದು ಅವರ ಕಡೆ ಚಾಚಿದೆ.

"ನೀನ ಹಾಕವಾ. ತಂದಾಕಿ ನೀನು, ಮೊದಲಿನ ಹನಿ ನಿಂದ" ಎಂದರು.

ಆಗಲಾದರೂ ಬಾಯಿ ಬಿಡಬಹುದಿತ್ತು. ಬಿಟ್ಟಿದ್ದರೆ ಏನಾಗುತ್ತಿತ್ತು, ಕೊನೆಯ ಗಳಿಗೆಯಲ್ಲಿ ಅವರಿಗೆ ಏನೂ ಉಳಿಯುತ್ತಿರಲಿಲ್ಲ ಎಂದು ಎಷ್ಟೋ ಸಲ ನನಗೆ ನಾನೇ ಸಮಾಧಾನ ಹೇಳಿಕೊಂಡಿದ್ದೇನೆ. ಅದು ಪೂರ್ತಿ ನಿಜವಲ್ಲ. ನಾನು ಹೆದರಿದ್ದು ನನ್ನ ಮರ್ಯಾದೆಗೆ. ತುಳಸಿ ಎಲೆಯ ಮೇಲಿಂದ ನೀರು ಬಿಟ್ಟೆ. ಅತ್ತೆ ನುಂಗಿದರು. "ತಣ್ಣಗೈತಿ" ಎಂದರು. ಡಾಕ್ಟರು ಬರುವ ಮೊದಲೇ ಹೋದರು.

ಅಸ್ಥಿ ಬಿಡಲು ಎಲ್ಲರೂ ರಾಯಚೂರಿನ ಬಳಿ ಕೃಷ್ಣೆಗೆ ಹೋದೆವು. ಗಂಡಸರು ಮಂತ್ರ ಹೇಳುವವರ ಜೊತೆಗಿದ್ದಾಗ ನಾನು ಸ್ವಲ್ಪ ದೂರ ಹೋಗಿ ಮೊಣಕಾಲತನಕ ಇಳಿದೆ. ಮೀನಿನ ಮರಿಗಳು ನಿಜವಾಗಿಯೂ ಕಚ್ಚಿದವು. ಒಂದು ಹನಿ ಕೃಷ್ಣೆಗಾಗಿ ಇಷ್ಟು ದೂರ ನೀವು ಬೂದಿಯಾಗಿ ಬರಬೇಕಾಯಿತಲ್ಲ ಅತ್ತಿ ಎಂದು ಅಲ್ಲೇ ನಿಂತು ಕಣ್ಣೀರಿಟ್ಟೆ. ಒಂದು ಬಾಟಲಿಯಲ್ಲಿ ನೀರು ತುಂಬಿಕೊಂಡು ಸೆರಗಿನಲ್ಲಿ ಮುಚ್ಚಿ ತಂದೆ. ಯಾಕೆಂದರೆ ನಾವು ಮನೆಯಿಂದ ಹೊರಡುವ ಮುಂಚೆಯೇ ಮಾವ ತಂಬಿಗೆಯ ಮುಚ್ಚಳ ಬಿಗಿದು ದೇವರ ಮುಂದಿಟ್ಟು, "ಉಳಿದದ್ದು ನನಗ" ಎಂದಿದ್ದರು. ಇವರಿಗಾದರೂ ನಿಜವಾದ ನದಿ ಸಿಗಲಿ ಎಂಬುದು ನನ್ನ ಆಸೆ.

ಮಾವ ಸಂಜೆಯ ವಾಕಿಂಗಿಗೆ ಹೋದ ಹೊತ್ತು ನೋಡಿ ದೇವರ ಮುಂದೆ ಕೂತೆ. ತಂಬಿಗೆಯನ್ನು ಬಗ್ಗಿಸಬೇಕು, ಅಷ್ಟರಲ್ಲಿ ಕನ್ನಡಕ ಮರೆತೆನೆಂದು ಅವರು ವಾಪಸು ಬಂದರು. ಬಾಟಲಿ, ತಂಬಿಗೆ, ನನ್ನ ಮುಖ ಮೂರನ್ನೂ ನೋಡಿದರು. ಎಲ್ಲ ಹೇಳಿದೆ. ನಲ್ಲಿ, ಮಂಜೀರಾ, ಹೋಗದೆ ಉಳಿದ ಭಾನುವಾರಗಳು. ಇಲ್ಲಿಯವರೆಗೆ ನಿಮಗೂ ಹೇಳದ್ದನ್ನು ಅವರಿಗೆ ಆವತ್ತೇ ಹೇಳಿದೆ: ಮದುವೆ ಮನೆಯಲ್ಲಿ ಆ ಫೋನು ಹತ್ತು ಗಂಟೆಗೇ ಮುಗಿದಿತ್ತು. ನದಿಗೆ ಹೋಗಿ ಬರಲು ಬೇಕಾದಷ್ಟು ಹೊತ್ತಿತ್ತು. ಬಿಸಿಲಿಗೆ ಬೇಸರಪಟ್ಟು, ಹೋಳಿಗೆ ಉಂಡು, ಫ್ಯಾನಿನ ಕೆಳಗೆ ಮಲಗಿಬಿಟ್ಟಿದ್ದೆ.

ಮಾವ ಬೈಯಲಿಲ್ಲ. ಬೈದಿದ್ದರೆ ನನಗೆ ಹಗುರಾಗುತ್ತಿತ್ತು. ಬಾಗಿ ತಂಬಿಗೆಯೊಳಗೆ ನೋಡಿದರು.

"ಆಕಿ ಬಾಯಿಗೆ ಬಿದ್ದದ್ದು ಇದ ನೀರು, ಹೌದಿಲ್ಲೋ?"

"ಹೌದ್ರೀ ಮಾವಾರ."

"ಹಂಗಾರ ಚೆಲ್ಲಬ್ಯಾಡ. ಆಕಿಗೆ ಸಿಗಲಾರದ ಹೊಳಿ ನನಗೂ ಬ್ಯಾಡ."

ತಂಬಿಗೆಯನ್ನು ನನ್ನ ಕೈಯಿಂದ ತೆಗೆದುಕೊಂಡು ಮುಚ್ಚಳ ಬಿಗಿದು ಇದ್ದಲ್ಲೇ ಇಟ್ಟರು. ಕನ್ನಡಕ ಹಾಕಿಕೊಂಡು ವಾಕಿಂಗಿಗೆ ಹೋದರು. ಬಾಟಲಿಯ ಕೃಷ್ಣೆಯನ್ನು ನಾನು ಬಾಲ್ಕನಿಯ ತುಳಸಿಗೆ ಹಾಕಿದೆ. ಆ ವಿಷಯವನ್ನು ಅವರು ಮತ್ತೆ ಎತ್ತಲಿಲ್ಲ, ಮಗನಿಗೂ ಹೇಳಲಿಲ್ಲ.

ಮೂರು ವರ್ಷದ ಮೇಲೆ ಅವರ ಸರದಿ ಬಂತು. ಮಗ ಪಕ್ಕದಲ್ಲೇ ಇದ್ದರೂ ಕಣ್ಣಿನಲ್ಲೇ ನನ್ನನ್ನು ಕರೆದರು. ತಂಬಿಗೆಯ ತಳದಲ್ಲಿ ಸ್ವಲ್ಪವೇ ಉಳಿದಿತ್ತು. ಅತ್ತೆ ನನ್ನನ್ನು ನಂಬಿ ಬಾಯಿ ತೆರೆದಿದ್ದರು. ಮಾವ ಎಲ್ಲ ಗೊತ್ತಿದ್ದೂ ತೆರೆದರು.