ಅವ್ವ ನನ್ನನ್ನು ಎಬ್ಬಿಸುತ್ತಿದ್ದಳು

ಅವ್ವ ನನ್ನನ್ನು ಹಗಲು ನೆಮ್ಮದಿಯಾಗಿ ಮಲಗಲು ಬಿಡುತ್ತಿರಲಿಲ್ಲ. ರಜೆಯ ಮಧ್ಯಾಹ್ನ ಕಣ್ಣು ಹತ್ತಿದರೆ ಸಾಕು, ಭುಜ ಹಿಡಿದು ಅಲುಗಾಡಿಸಿ, "ಎಚ್ಚರ ಅದಿಯೇನ?" ಎನ್ನುತ್ತಿದ್ದಳು. ಎದ್ದು ಕೂತರೆ ಹೇಳಲು ಕೆಲಸವೇನೂ ಇರುತ್ತಿರಲಿಲ್ಲ. "ಹೂಂ, ಮಲಕೋ" ಎಂದು ಹೋಗಿಬಿಡುತ್ತಿದ್ದಳು. ನನ್ನ ಬಾಣಂತನ ಮಾಡಲು ಮಚ್ಛೆಯ ನಮ್ಮ ಮನೆಗೆ ಬಂದಾಗ ನನ್ನ ಮಗಳನ್ನೂ ಹಾಗೆಯೇ ಎಬ್ಬಿಸಿದಳು. ನಾನು ರೇಗಿದ್ದೆ.

ಅವ್ವ ತೀರಿಕೊಂಡ ಹದಿಮೂರನೆಯ ದಿನ, ಖಾನಾಪುರದ ಮನೆಯಲ್ಲಿ ಅವಳ ತಂಗಿಗೆ, ಚಿಗವ್ವನಿಗೆ, ಇದನ್ನು ಹೇಳಿ ನಕ್ಕೆ. ಚಿಗವ್ವ ನಗಲಿಲ್ಲ.

"ನಿನಗಿಂತ ಮೊದಲ ಒಂದ ಗಂಡು ಕೂಸಿತ್ತು. ಹೇಳಿಲ್ಲೇನ?"

ಹೇಳಿರಲಿಲ್ಲ.

ಅವ್ವ ಆಗ ಹಂಚಿನ ಕಾರ್ಖಾನೆಯಲ್ಲಿ ಹಸಿ ಹಂಚು ಹೊರುತ್ತಿದ್ದಳಂತೆ. ಹೆತ್ತು ತಿಂಗಳೊಳಗೆ ಹೋಗದಿದ್ದರೆ ಆ ಜಾಗಕ್ಕೆ ಬೇರೆಯವಳು ಬರುತ್ತಿದ್ದಳು. ಕೂಸು ಅಳದೆ ಮಲಗಿರಲೆಂದು ಓಣಿಯ ಹೆಂಗಸರು ಮಾಡುತ್ತಿದ್ದದ್ದನ್ನೇ ಅವಳೂ ಮಾಡಿದಳು: ಚೂರು ಅಫೀಮನ್ನು ಎದೆಹಾಲಿನಲ್ಲಿ ತೇಯ್ದು ನೆಕ್ಕಿಸುವುದು. ಒಂದು ಬೆಳಿಗ್ಗೆ ಅವ್ವ ನೀರಿಗೆ ಹೋದಾಗ ಕೂಸು ಅತ್ತಿತು. ಅಜ್ಜಿ, ಅಂದರೆ ಅವ್ವನ ಅತ್ತೆ, ನೆಕ್ಕಿಸಿದಳು. ನೀರು ತಂದಿಟ್ಟ ಅವ್ವ ಅದು ತಿಳಿಯದೆ ತಾನೂ ನೆಕ್ಕಿಸಿ ಕೆಲಸಕ್ಕೆ ಹೋದಳು. ಕೂಸು ಮತ್ತೆ ಏಳಲಿಲ್ಲ.

"ಅಜ್ಜಿ ಯಾಕ ಹೇಳಲಿಲ್ಲ?"

"ಅತ್ತಿ ಸೊಸಿ ಮಾತು ಬಿಟ್ಟ ವಾರ ಆಗಿತ್ತು. ನಿಮ್ಮವ್ವನ ಬಾಯಿನೂ ಏನ ಸಣ್ಣದಲ್ಲ ಬಿಡು." ಮತ್ತೆ ಅವಳೇ ಹೇಳಿದಳು, "ಖರೇ ಅಂದ್ರ ಕೂಸಿಗೆ ಜ್ವರಾನೂ ಇತ್ತು. ಯಾತರಿಂದ ಹೋತೋ, ಯಾರಿಗೆ ಗೊತ್ತು."

"ನನಗೂ ಹಾಕ್ತಿದ್ಲೇನ?"

"ಹಾಕದ ಹೆಂಗ ಕೆಲಸಕ್ಕ ಹೋದಾಳು?"

ಇದಕ್ಕೆ ಸಿಟ್ಟು ಮಾಡಬೇಕೋ, ಅಳಬೇಕೋ ತಿಳಿಯಲಿಲ್ಲ. ಒಂದು ಕೂಸು ಹೋದ ಮೇಲೂ ನನಗೆ ನೆಕ್ಕಿಸಿದಳು. ಕೆಲಸದಿಂದ ಓಡಿ ಬಂದು ಎಬ್ಬಿಸಿ ನೋಡಿದಳು. ಆಮೇಲೆ ಆ ಎಬ್ಬಿಸುವುದು ನಿಲ್ಲಲೇ ಇಲ್ಲ. ಹೀಗೆಂದು ನಾನು ಜೋಡಿಸಿಕೊಂಡಿದ್ದೇನೆ. ಅವಳನ್ನೇ ಕೇಳಬೇಕಿತ್ತು.

ಬೆಳಗಾವಿಯ ಆಸ್ಪತ್ರೆಯಲ್ಲಿ ಕೊನೆಯ ಮಧ್ಯಾಹ್ನ ಅವ್ವ ಗಾಢ ನಿದ್ದೆಯಲ್ಲಿದ್ದಳು. "ಮಲಗ್ಲಿ ಬಿಡ್ರಿ ಅಕ್ಕಾರ" ಎಂದಳು ನರ್ಸ್. ಪಾಪ, ಎಂದೂ ಹಗಲು ಮಲಗಿದವಳಲ್ಲ ಎಂದು ನನಗೂ ಅನಿಸಿತು. ಚಹಾ ಕುಡಿದು ಬರಲು ಕೆಳಗೆ ಹೋದೆ. ಬರುವಷ್ಟರಲ್ಲಿ ಮುಗಿದಿತ್ತು.

ಈಗ ಕಾಲೇಜಿನಿಂದ ಬಂದ ಮಗಳು ಮಲಗಿದರೆ ಹತ್ತಿರ ಹೋಗಿ ನಿಲ್ಲುತ್ತೇನೆ. ಭುಜದವರೆಗೆ ಕೈ ಹೋಗುತ್ತದೆ. ಎಬ್ಬಿಸಲೋ ಬೇಡವೋ ತಿಳಿಯದೆ, ಉಸಿರಾಡುವುದನ್ನು ನೋಡುತ್ತ ನಿಂತಿರುತ್ತೇನೆ.